ನಮ್ಮೂರಿಗೇ ದುಡ್ಡು ಕೊಟ್ಟು ಹೋಗಿ ಬಂದದ್ದು

"ಕೊನೆಕೊಯ್ಲು ಶುರುವಾಜು. ಈಗ ಮಂಗನ್ನ ನೋಡ್ಲೆ ಹೋಗ್ತ್ಯನಾ? ಅದೂ ದುಡ್ ಕೊಟ್ಗಂಡು?"

ಆಯಿಯ ಪ್ರಶ್ನೆಯಲ್ಲಿ ತಪ್ಪೇನೂ ಇರಲಿಲ್ಲ. ಡಿಸೆಂಬರಿನ ಮೊದಲ ವಾರ. ಅಂಗಳದ ತುಂಬ ಅಡಿಕೆಗೊನೆ. ತಮ್ಮ ಬೆಳಿಗ್ಗೆಯಿಂದ ಮರ ಹತ್ತಿ ಕೊನೆ ಇಳಿಸುವ ಕೊನೆಗೌಡನ ಹಿಂದೆ ಓಡಾಡುತ್ತಿದ್ದ. ಹುಬ್ಬಳ್ಳಿಯಿಂದ ನಾಲ್ಕು ದಿನ ರಜೆ ಹಾಕಿ ಬಂದ ಹಿರೀಮಗ ಮಾತ್ರ ಮಗಳನ್ನು ಕಟ್ಟಿಕೊಂಡು, ತಲೆಗೆ ದಿನಕ್ಕೆ ಎರಡೂವರೆ ಸಾವಿರ ಕೊಟ್ಟು ಕಾಡು ನೋಡಲು ಹೊರಟಿದ್ದ. ಅದೂ ಶಿರಸಿಯಲ್ಲಿ ಹುಟ್ಟಿ ಬೆಳೆದವನು.

ಕಾರಣ ಮಗಳು. ನಮ್ಮ ಘಟ್ಟದ ಕಪ್ಪು ಮಂಗ ಸಿಂಗಳೀಕ ಹೇಗಿರುತ್ತದೆ ಎಂದು ಕೇಳಿದ್ದಳು. ನಮ್ಮನೆಯಲ್ಲಿ ಅದು ಬೈಗುಳ. ತಲೆ ಬಾಚದೆ ಊಟಕ್ಕೆ ಕೂತರೆ "ಸಿಂಗಳೀಕದ ಹಾಂಗೆ ಕಾಣ್ತೆ" ಎಂದು ಅಜ್ಜಿ ಬೈಯುತ್ತಿದ್ದಳು. ಆ ಬೈಗುಳ ತಿಂದೇ ದೊಡ್ಡವನಾದೆ, ಪ್ರಾಣಿಯನ್ನು ಮಾತ್ರ ಒಮ್ಮೆಯೂ ಕಂಡಿರಲಿಲ್ಲ. ಹಾಗಂತ ಮಗಳಿಗೆ ಹೇಳಲು ನಾಚಿಕೆಯಾಯಿತು. ಆ ನಾಚಿಕೆಯಲ್ಲೇ ಬುಕ್ ಮಾಡಿದೆ. ಮೂರು ದಿನ, ಮೂರು ಸುತ್ತು: ಘಟ್ಟದ ಕಾಡು, ಅಘನಾಶಿನಿ ಹೊಳೆ ಕಡಲು ಸೇರುವ ಅಳಿವೆ, ಕಾರವಾರದ ಕಡಲು. ಒಂದು ಗುಂಪಿಗೆ ಏಳೇ ಜನ.

ಮೊದಲ ದಿನ: ಕತ್ತಲೆಕಾನು

ಬೆಳಿಗ್ಗೆ ಐದೂವರೆಗೆ ಬರಬೇಕಾದ ಜೀಪು ಆರೂ ಕಾಲಿಗೆ ಬಂತು, ಅದೂ ಜೀಪಾಗಿ ಅಲ್ಲ, ವ್ಯಾನಾಗಿ. ಫೋನು ಮಾಡಿದಾಗಲೆಲ್ಲ "ಐದು ನಿಮಿಷ ಸರ್" ಎನ್ನುತ್ತಿದ್ದವರು ಬಂದಮೇಲೆ ಅದರ ಸುದ್ದಿಯನ್ನೇ ಎತ್ತಲಿಲ್ಲ. ಎರಡು ದುರ್ಬೀನು ಕೊಡುತ್ತೇವೆ ಅಂದಿದ್ದರು, ಇದ್ದದ್ದು ಒಂದು. ವ್ಯವಸ್ಥೆ ಮಾಡಿದವರ ಬಗ್ಗೆ ನನ್ನ ತಕರಾರು ಇಷ್ಟೇ. ಗೈಡನ ಬಗ್ಗೆ ಒಂದೂ ಇಲ್ಲ.

ಗುಂಪಿನಲ್ಲಿ ಮೈಸೂರಿನ ಇಬ್ಬರು ನಿವೃತ್ತ ಶಿಕ್ಷಕಿಯರಿದ್ದರು, ಅಕ್ಕ ತಂಗಿ. ಬೆಂಗಳೂರಿನಿಂದ ಬಂದ ಹೊಸ ಜೋಡಿಯ ಬಳಿ ನನ್ನ ಒಂದು ವರ್ಷದ ಸಂಬಳದಷ್ಟು ಬೆಲೆಯ ಕ್ಯಾಮೆರಾ ಇತ್ತು. ದಾವಣಗೆರೆಯ ಬಟ್ಟೆ ಅಂಗಡಿಯ ಯಜಮಾನರೊಬ್ಬರು ಒಬ್ಬರೇ ಬಂದಿದ್ದರು. ಉಳಿದದ್ದು ನಾನು, ಪಿಯುಸಿ ಓದುವ ಮಗಳು. ಗೈಡ್ ಸಿದ್ದಾಪುರ ತಾಲೂಕಿನ ಹುಡುಗ, ಮೂವತ್ತರ ಆಸುಪಾಸು, ಕಾಲಿಗೆ ರಬ್ಬರ್ ಚಪ್ಪಲಿ. ನಾವೆಲ್ಲ ಸಾವಿರಾರು ರೂಪಾಯಿಯ ಬೂಟು ಹಾಕಿಕೊಂಡಿದ್ದೆವು.

ಸಿದ್ದಾಪುರ ದಾಟಿ, ಜೋಗದಿಂದ ಹೊನ್ನಾವರದ ಕಡೆಗೆ ಇಳಿಯುವ ರಸ್ತೆಯಲ್ಲಿ ವ್ಯಾನು ನಿಂತಿತು. ಕತ್ತಲೆಕಾನು. ನಮ್ಮ ಕಡೆ ಕಾನು ಅಂದರೆ ಕಡಿಯದೆ ಬಿಟ್ಟ ಹಸಿರು ಕಾಡು, ದೇವರ ಹೆಸರಿನಲ್ಲಿ ಉಳಿದದ್ದೇ ಹೆಚ್ಚು. ಎಂಟು ಗಂಟೆಯಾಗಿದ್ದರೂ ಮರದಡಿಗೆ ಬಿಸಿಲು ಇಳಿದಿರಲಿಲ್ಲ.

ಕ್ಯಾಮೆರಾ ಹುಡುಗ ಇಳಿದವನೇ ಮೇಲೆ ನೋಡತೊಡಗಿದ. ಗೈಡ್ ಅಂದ, "ಈಗಲೇ ನೋಡಬೇಡಿ ಸರ್. ಮೊದಲು ಕೇಳಿ." ತಾನು ರಸ್ತೆಯ ಅಂಚಿನಲ್ಲಿ ತಲೆ ತಗ್ಗಿಸಿ ನಿಂತುಬಿಟ್ಟ. ನಾವೂ ನಿಂತೆವು. ಜೀರುಂಡೆ, ದೂರದಲ್ಲಿ ಒಂದು ಲಾರಿಯ ಗೇರು, ಯಜಮಾನರ ಉಸಿರು. ಹತ್ತು ನಿಮಿಷ ಸುಮ್ಮನೆ ನಿಲ್ಲುವುದು ಎಷ್ಟು ಕಷ್ಟ ಎಂಬುದು ಅವತ್ತು ಗೊತ್ತಾಯಿತು. ಏಳೇ ಜನರ ಗುಂಪಿನ ಬೆಲೆಯೂ ಅಲ್ಲೇ ತಿಳಿಯಿತು. ಏಳು ಜನರನ್ನು ಹೇಗೋ ಸುಮ್ಮನಿರಿಸಬಹುದು, ಇಪ್ಪತ್ತು ಜನರಾದರೆ ಒಬ್ಬರಿಗಲ್ಲ ಒಬ್ಬರಿಗೆ ಕೆಮ್ಮು ಬಂದೇ ಬರುತ್ತದೆ.

ಟಪ್ ಎಂದು ಏನೋ ಡಾಂಬರಿನ ಮೇಲೆ ಬಿತ್ತು. ಮತ್ತೊಂದು. ಗೈಡ್ ಬಗ್ಗಿ ಹೆಕ್ಕಿ ನಮ್ಮೆದುರು ಅಂಗೈ ಚಾಚಿದ. ಅತ್ತಿ ಜಾತಿಯ ಹಣ್ಣು, ಗೋಲಿಯಷ್ಟು ದಪ್ಪ, ಅರ್ಧ ಕಚ್ಚಿ ಬಿಟ್ಟದ್ದು. ಕಚ್ಚಿದ ಕಡೆ ಹಲ್ಲಿನ ಗೀರು ಸಾಲಾಗಿತ್ತು, ಅಂಚಿನಲ್ಲಿ ಎಂಜಲು ಇನ್ನೂ ಹೊಳೆಯುತ್ತಿತ್ತು. "ಹಕ್ಕಿ ಕುಕ್ಕಿದ್ದಾದ್ರೆ ತೂತಿರ್ತದೆ. ಇದು ಹಲ್ಲು. ಹಸೀ ಇದೆ ನೋಡಿ, ಈಗಷ್ಟೇ ತಿಂದದ್ದು." ಆಮೇಲೆ ತಲೆ ಎತ್ತಿದ.

"ಅಪ್ಪಾ, ಎಲ್ಲದ? ನನಗ ಕಾಣವಲ್ದು," ಮಗಳು ನನ್ನ ತೋಳು ಜಗ್ಗಿದಳು. ನನಗೂ ಕಾಣುತ್ತಿರಲಿಲ್ಲ. ಎಲೆ, ಕೊಂಬೆ, ನೆರಳು. ಆಮೇಲೆ ಒಂದು ನೆರಳು ಕೈ ಚಾಚಿ ಹಣ್ಣು ಕಿತ್ತಿತು. ಒಂದು ಕಂಡಿತೋ ಇಲ್ಲವೋ, ಇಡೀ ಮರ ತುಂಬಿದಂತಾಯಿತು. ಹನ್ನೆರಡು, ಹದಿಮೂರು, ಲೆಕ್ಕ ತಪ್ಪಿತು.

ಮೈ ಎಣ್ಣೆ ಹಚ್ಚಿದ ಹಾಗೆ ಕಪ್ಪು. ಮುಖದ ಸುತ್ತ ಬೂದಿ ಬಣ್ಣದ ದಟ್ಟ ಕೂದಲು. ತಲೆ ಬಾಚದ ನನಗೂ ಇದಕ್ಕೂ ಅಜ್ಜಿ ಏನು ಹೋಲಿಕೆ ಕಂಡಳೋ, ಇದು ನನಗಿಂತ ಚೆನ್ನಾಗಿ ಬಾಚಿಕೊಂಡಿತ್ತು. ಬಾಲ ಅಷ್ಟೇನೂ ಉದ್ದವಿಲ್ಲ, ತುದಿಯಲ್ಲಿ ಸಿಂಹದ ಬಾಲಕ್ಕಿರುವಂಥ ಕುಚ್ಚು. ಒಂದು ಹೆಣ್ಣು ಮರಿಯನ್ನು ಹೊಟ್ಟೆಗವಚಿಕೊಂಡು ಕೊಂಬೆಯ ಕವಲಿನಲ್ಲಿ ಕೂತಿತ್ತು. ಮರಿಗಿನ್ನೂ ಆ ಬೂದಿ ಕೂದಲು ಬಂದಿರಲಿಲ್ಲ. ತಾಯಿ ಹಣ್ಣು ಬಾಯಿಗೆ ಹಾಕಿ ನುಂಗದೆ ಕೆನ್ನೆಚೀಲದಲ್ಲಿ ತುಂಬಿಕೊಳ್ಳುತ್ತಿತ್ತು, ಕೆನ್ನೆ ಉಬ್ಬುತ್ತ ಉಬ್ಬುತ್ತ ಒಂದು ಬದಿಗೆ ಬಾತಂತಾಯಿತು. ಮೈಸೂರಿನ ತಂಗಿಯವರು ಪಿಸುಗುಟ್ಟಿದರು, "ನಮ್ಮಕ್ಕ ಮದುವೆಮನೇಲಿ ಎಲೆಯಡಿಕೆ ಹಾಕ್ಕೊಂಡ ಹಾಗಿದೆ." ಅಕ್ಕ ಮೊಣಕೈಯಿಂದ ತಿವಿದರು.

ಆಮೇಲೆ ನಾನು ಮರೆಯಲಾರದ್ದು ನಡೆಯಿತು. ಗುಂಪಿಗೆ ರಸ್ತೆಯ ಆಚೆ ಬದಿಗೆ ಹೋಗಬೇಕಿತ್ತು. ಕೊಂಬೆಯಿಂದ ಕೊಂಬೆಗೆ ದಾಟಿ ಬದುಕುವ ಪ್ರಾಣಿ ಇದು, ನೆಲಕ್ಕಿಳಿಯುವುದು ಅಪರೂಪ. ಆದರೆ ಅಲ್ಲಿ ರಸ್ತೆ ಅಗಲವಾಗಿ, ಎರಡು ಬದಿಯ ಮರಗಳ ಕೊಂಬೆ ಒಂದಕ್ಕೊಂದು ತಾಗುತ್ತಿರಲಿಲ್ಲ. ಮೊದಲ ಗಂಡು ತುದಿಕೊಂಬೆಗೆ ಬಂದು ಕೂತು ಆಚೆ ನೋಡಿತು, ಈಚೆ ನೋಡಿತು, ಹಿಂದೆ ಹೋಯಿತು, ಮತ್ತೆ ಬಂತು. ಗೈಡ್ ತಿರುವಿನವರೆಗೆ ಓಡಿ ಬರುತ್ತಿದ್ದ ಕಾರಿಗೆ ಕೈ ಅಡ್ಡ ಹಿಡಿದ. ಕಾರಿನವರು ಬೈದರು. ಅಷ್ಟರಲ್ಲಿ ಒಂದೊಂದೇ ಕಾಂಡ ಹಿಡಿದಿಳಿದು, ಬಾಲ ಎತ್ತಿಕೊಂಡು, ಡಾಂಬರಿನ ಮೇಲೆ ನಾಲ್ಕು ಹೆಜ್ಜೆ ಓಡಿ ಆಚೆ ಹತ್ತಿದವು. ಕ್ಯಾಮೆರಾ ಹುಡುಗ ಒಂದು ಫೋಟೋವನ್ನೂ ತೆಗೆಯಲಿಲ್ಲ. ಕೇಳಿದರೆ "ಮರೆತುಬಿಟ್ಟೆ" ಅಂದ.

ಯಜಮಾನರಿಗೆ ಮಾತ್ರ ಇಷ್ಟು ಹೊತ್ತೂ ದುರ್ಬೀನು ಸರಿಹೊಂದಿರಲಿಲ್ಲ. ಅವರು ಕಂಡದ್ದು ಕೊನೆಯದರ ಬಾಲ. "ಕುಚ್ಚು ನೋಡಿದೆ, ಸಾಕು," ಎಂದು ಸಮಾಧಾನಪಟ್ಟುಕೊಂಡರು.

ಚಹಾ ಕುಡಿಯುವಾಗ ಗೈಡನನ್ನು ಮಾತಿಗೆಳೆದೆ. ಇದನ್ನೆಲ್ಲ ಎಲ್ಲಿ ಕಲಿತೆ ತಮ್ಮಾ? ಅವನು ಉಪ್ಪಾಗೆಯ ಸುದ್ದಿ ತೆಗೆದ. ನಮ್ಮ ಕಡೆ ಮಳೆಗಾಲದಲ್ಲಿ ಕಾಡಿನ ಉಪ್ಪಾಗೆ ಹಣ್ಣು ಕೊಯ್ದು, ಸಿಪ್ಪೆಯನ್ನು ಬೆಂಕಿಯ ಮೇಲೆ ಒಣಗಿಸಿ ಮಾರುವುದುಂಟು. ಬೀಜದಿಂದ ತುಪ್ಪ ತೆಗೆಯುತ್ತಾರೆ. ಮೈ ಇಳಿಸುವ ಮಾತ್ರೆಗೆ ಈ ಸಿಪ್ಪೆ ಬೇಕೆಂದು ಹೊರದೇಶದಿಂದ ಬೇಡಿಕೆ ಬಂದಮೇಲೆ ದರ ಏರಿತು. ಯಾರು ಮೊದಲು ಕೊಯ್ದರೆ ಅವರದು. ಹಣ್ಣಾಗುವ ಮೊದಲೇ ಕಾಯಿ ಕೊಯ್ದರು, ಹತ್ತಲಾಗದ ಕಡೆ ಕೊಂಬೆಯನ್ನೇ ಕಡಿದರು. "ನಾನೂ ಕಡಿದಿದ್ದೆ ಸರ್. ಹದಿನಾಲ್ಕು ವರ್ಷ ಆಗ. ನಾನು ಮರದಲ್ಲಿ, ಇವು ಪಕ್ಕದ ಮರದಲ್ಲಿ. ಅವಕ್ಕೂ ಉಪ್ಪಾಗೆ ಅಂದ್ರೆ ಜೀವ. ನನ್ನನ್ನೇ ನೋಡ್ತಾ ಕೂತಿರ್ತಿದ್ವು. ಇವು ಎಲ್ಲಿ, ಯಾವಾಗ ಬರ್ತವೆ ಅಂತ ನಂಗೆ ಹಂಗೇ ಗೊತ್ತಾಗಿದ್ದು. ನಾವು ಒಂದೇ ಮರದ ಗಿರಾಕಿಗಳು."

ಈ ಕಾಡೆಲ್ಲ ಸೇರಿ 2011ರಲ್ಲಿ ಅಘನಾಶಿನಿ ಸಿಂಗಳೀಕ ಸಂರಕ್ಷಿತ ಪ್ರದೇಶವಾಯಿತು, ಸುಮಾರು 299 ಚದರ ಕಿಲೋಮೀಟರ್. ಸಿಂಗಳೀಕ ಇರುವುದೇ ಪಶ್ಚಿಮಘಟ್ಟದಲ್ಲಿ. ಕೇರಳ, ತಮಿಳುನಾಡಿನಿಂದ ಹಿಡಿದು ಬಂದರೆ ಉತ್ತರದ ತುದಿ ನಮ್ಮ ಶಿರಸಿ, ಸಿದ್ದಾಪುರ, ಹೊನ್ನಾವರದ ಕಾಡು. ಅಂದರೆ ಅಜ್ಜಿಯ ಬೈಗುಳ ಹುಟ್ಟಿದ್ದು ಸರಿಯಾದ ಜಾಗದಲ್ಲೇ.

ರಸ್ತೆಯಿಂದ ಸ್ವಲ್ಪ ಒಳಗೆ ರಾಮಪತ್ರೆ ಜಡ್ಡಿ. ವರ್ಷವಿಡೀ ನೀರು ಜಿನುಗುವ ಜೌಗು. ಅಲ್ಲಿನ ಮರದ ಬೇರುಗಳಿಗೆ ಕೆಸರಿನಲ್ಲಿ ಉಸಿರು ಸಿಗುವುದಿಲ್ಲವಲ್ಲ, ಮೇಲೆದ್ದು ಬಾಗಿ ಮತ್ತೆ ಕೆಸರಿಗಿಳಿಯುತ್ತವೆ. ಯಾರೋ ನೂರಾರು ಜನ ಕೆಸರಿನೊಳಗೆ ಮಲಗಿ ಮಂಡಿಯನ್ನಷ್ಟೇ ಹೊರಗೆ ಚಾಚಿದ ಹಾಗೆ. ಈ ಕಾನಿನ ಹೆಸರನ್ನೇ ಹೊತ್ತ, ಗೇರಿನ ಬಳಗದ ಒಂದು ದೊಡ್ಡ ಮರ ಸಸ್ಯಶಾಸ್ತ್ರದ ಪಟ್ಟಿಗೆ ಸೇರಿದ್ದು 2000ದಲ್ಲಿ. ಹೆದ್ದಾರಿಯ ಪಕ್ಕದಲ್ಲೇ ಇದ್ದ ಮರಕ್ಕೆ ಹೆಸರಿಡಲು ಅಷ್ಟು ಕಾಲ ಬೇಕಾಯಿತು. ಹೊರಬಂದಾಗ ಬೂಟಿನವರೆಲ್ಲರ ಕಾಲುಚೀಲದೊಳಗೆ ರಕ್ತ ಹೀರುವ ಉಂಬಳ. ಚಪ್ಪಲಿಯವನ ಕಾಲಲ್ಲಿ ಒಂದೂ ಇಲ್ಲ. "ಕಾಣ್ತವಲ್ಲ ಸರ್, ಹತ್ತುವಾಗಲೇ ತೆಗೀತೇನೆ."

ಮಧ್ಯಾಹ್ನ ಹೆಗ್ಗರಣೆಯ ಮೇಲೆ ಉಂಚಳ್ಳಿ ಜಲಪಾತ. 116 ಮೀಟರಿನಿಂದ ಬೀಳುವ ಅಘನಾಶಿನಿ. ಸದ್ದಿಗೆ ಕಿವಿ ಕೆಪ್ಪಾಗುತ್ತದೆಂದು ಕೆಪ್ಪಜೋಗ ಅನ್ನುತ್ತಾರೆ, ಡಿಸೆಂಬರಿನಲ್ಲಿ ಅಷ್ಟೇನಿಲ್ಲ, ಮಾತು ಕೇಳುತ್ತದೆ. ಚೆಂದವಿದೆ. ಮೆಟ್ಟಿಲು ಬಹಳ. ನನ್ನ ಮನಸ್ಸಿನ್ನೂ ಡಾಂಬರು ದಾಟಿದ ಬಾಲಗಳ ಹಿಂದೆಯೇ ಇತ್ತು. ಒಂದು ಮಾತು ಮಾತ್ರ ಮಗಳಿಗೆ ಹೇಳಿದೆ: ಈ ನೀರು ಹುಟ್ಟುವುದು ಶಿರಸಿ ಪೇಟೆಯ ಶಂಕರಹೊಂಡದಲ್ಲಿ. ನಾವು ಶಾಲೆ ತಪ್ಪಿಸಿ ಕಲ್ಲೆಸೆಯುತ್ತಿದ್ದ ಹೊಂಡ.

ಎರಡನೇ ದಿನ: ಅಳಿವೆ

ಎರಡನೆಯ ದಿನ ಹೊರಡುವ ಹೊತ್ತನ್ನು ನಿರ್ಧರಿಸಿದ್ದು ಕಡಲು. ಇಳಿತ ಹತ್ತು ಗಂಟೆಯ ಸುಮಾರಿಗೆ, ಅಷ್ಟರೊಳಗೆ ದೋಣಿಯಲ್ಲಿರಬೇಕು ಎಂದು ಗೈಡ್ ಹೇಳಿದ್ದ. ದೇವಿಮನೆ ಘಟ್ಟ ಇಳಿದು, ರಸ್ತೆ ಅಗಲ ಮಾಡುವವರ ಕೆಂಧೂಳು ಕುಡಿದು ಕುಮಟಾ ಮುಟ್ಟಿದೆವು. ನಿನ್ನೆ ಬಂಡೆಯಿಂದ ಧುಮುಕಿದ ಅದೇ ಹೊಳೆ ಇಲ್ಲಿ ಕೆರೆಯ ಹಾಗೆ ಹರಡಿಕೊಂಡಿತ್ತು.

ಅಘನಾಶಿನಿಗೆ ದೊಡ್ಡ ಅಣೆಕಟ್ಟಿಲ್ಲ. ಉತ್ತರ ಕನ್ನಡದಲ್ಲಿ ಇದೊಂದು ಪವಾಡ, ಪಕ್ಕದ ಶರಾವತಿ, ಕಾಳಿ ಎರಡನ್ನೂ ಕಟ್ಟಿದ್ದಾರೆ. ಹಾಗಾಗಿ ಇಲ್ಲಿ ಮಳೆಗಾಲದಲ್ಲಿ ಸಿಹಿನೀರು, ಬೇಸಿಗೆಯಲ್ಲಿ ಉಪ್ಪುನೀರು, ತನ್ನ ಕಾಲಕ್ಕೆ ತಾನು ಬಂದುಹೋಗುತ್ತದೆ. ಮರಳಿನಲ್ಲಿ ಹುದುಗಿರುವ ಚಿಪ್ಪಿನ ಜೀವಿ ಬೆಳಚಿಗೆ ಬೇಕಾದದ್ದು ಅದೇ. ಶರಾವತಿಯಲ್ಲಿ ವಿದ್ಯುತ್ ಮಾಡಿ ಬಿಟ್ಟ ನೀರು ವರ್ಷವಿಡೀ ಬಂದು ಅಳಿವೆಯ ಉಪ್ಪು ಇಳಿದು ಬೆಳಚು ಕಡಿಮೆಯಾಯಿತು. ಇಲ್ಲಿ ಇನ್ನೂ ಇದೆ.

ಇದೆ ಅಂದರೆ ಹೇಗೆ? ದೋಣಿ ಮರಳದಿನ್ನೆಯ ಹತ್ತಿರ ಹೋದಾಗ ಸೊಂಟದವರೆಗಿನ ನೀರಿನಲ್ಲಿ ಹತ್ತಿಪ್ಪತ್ತು ಹೆಂಗಸರು. ಎಲ್ಲರೂ ನಿಂತಲ್ಲೇ ಸಣ್ಣಗೆ ಕುಣಿಯುತ್ತಿರುವಂತೆ ಕಂಡಿತು. ಕುಣಿತವಲ್ಲ, ಕಾಲಲ್ಲಿ ಹುಡುಕುವುದು. ಹೆಬ್ಬೆರಳಿನಿಂದ ಮರಳು ಕೆದಕುತ್ತಾರೆ, ಗಟ್ಟಿ ತಾಗಿದರೆ ಮುಳುಗಿ ಕೈಯಲ್ಲಿ ಬಾಚುತ್ತಾರೆ, ಹಿಂದೆ ತೇಲುವ ಪಾತ್ರೆಗೆ ಹಾಕುತ್ತಾರೆ. ಪಾತ್ರೆಗೆ ಕಟ್ಟಿದ ಹಗ್ಗ ಸೊಂಟದಲ್ಲಿ. ಒಬ್ಬ ಅಜ್ಜಿ ನಮ್ಮ ದೋಣಿಯ ಪಕ್ಕಕ್ಕೇ ಬಂದರು. ಬೆರಳ ತುದಿಗಳು ನೆನೆದು ಬೆಳ್ಳಗೆ ಮುದುಡಿದ್ದವು, ಬಲಗೈಯಲ್ಲಿ ಚಿಪ್ಪು ಕೊಯ್ದ ಹಳೆಯ ಗೆರೆಗಳು. ಮಗಳ ಕೈಗೆ ಒಂದು ಬೆಳಚು ಕೊಟ್ಟರು. ತುಸು ಬಾಯಿ ತೆರೆದುಕೊಂಡಿದ್ದ ಚಿಪ್ಪು ಅವಳ ಅಂಗೈ ತಾಗಿದ್ದೇ ಗಪ್ಪನೆ ಮುಚ್ಚಿಕೊಂಡಿತು.

"ಎಷ್ಟು ಹೊತ್ತು ನೀರಲ್ಲಿರ್ತೀರಿ ಅಮ್ಮಾ?" ಎಂದು ಮೈಸೂರಿನ ಅಕ್ಕ ಕೇಳಿದರು.

"ನೀರು ಇರ ಅಂದಷ್ಟು ಹೊತ್ತು. ಏರೂಕೆ ಶುರುವಾದ್ರೆ ಮನಿಗೆ."

ಯಜಮಾನರು ಒಂದು ಬುಟ್ಟಿಯ ದರ ಕೇಳಿ, ಅಭ್ಯಾಸಬಲದಿಂದ ಚೌಕಾಸಿಗಿಳಿದು, ಅಜ್ಜಿಯ ಕೈ ನೋಡಿ ತಾವೇ ಸುಮ್ಮನಾದರು.

ಈ ಅಳಿವೆಯ ದಡದ ತದಡಿಯಲ್ಲಿ ಒಮ್ಮೆ ದೊಡ್ಡ ಉಷ್ಣವಿದ್ಯುತ್ ಸ್ಥಾವರ ಬರುವುದಿತ್ತು. ಸುತ್ತಲಿನ ಜನ ಬೇಡವೆಂದು ಎದ್ದುನಿಂತರು, ಬರಲಿಲ್ಲ. 2024ರ ಜನವರಿಯಲ್ಲಿ ಈ ಅಳಿವೆ ರಾಮ್ಸಾರ್ ತಾಣವಾಯಿತು, ಅಂದರೆ ಜಗತ್ತಿನ ಮುಖ್ಯ ಜೌಗುನೆಲಗಳ ಪಟ್ಟಿಗೆ ಸೇರಿತು. ನನಗೆ ಎರಡೂ ಸುದ್ದಿ ಪೇಪರಿನಲ್ಲಿ ಓದಿದ ನೆನಪಿತ್ತು. ಜಾಗ ಯಾವುದೆಂದು ಕಂಡದ್ದು ಈಗ.

ಉಪ್ಪುನೀರಿನ ಕೆಸರಲ್ಲಿ ಬೆಳೆಯುವ ಕಾಂಡ್ಲಾ ಗಿಡಗಳ ನಡುವಿನ ಕಾಲುವೆಯಲ್ಲಿ ಎಂಜಿನ್ ನಿಲ್ಲಿಸಿ ಹುಟ್ಟು ಹಾಕಿದರು. ಮಿಂಚುಳ್ಳಿ ಮೂರು ಬಗೆ, ಗರುಡ, ರೆಕ್ಕೆ ಹರಡಿ ಒಣಗಿಸಿಕೊಳ್ಳುವ ನೀರುಕಾಗೆ. ಎತ್ತರದ ಮರದಲ್ಲಿ ಬಿಳಿಹೊಟ್ಟೆಯ ಕಡಲಹದ್ದಿನ ಗೂಡು, ಕಟ್ಟಿಗೆ ಹೊರೆಯಷ್ಟು ದೊಡ್ಡದು. ಮಗಳಿಗೆ ಹಿಡಿಸಿದ್ದು ಹಕ್ಕಿಯಲ್ಲ, ಕಾಂಡ್ಲಾ. ಒಂದು ಜಾತಿಯ ಎಲೆಯನ್ನು ಗೈಡ್ ನೆಕ್ಕಲು ಹೇಳಿದ. ಗಿಡ ಬೇಡದ ಉಪ್ಪನ್ನು ಎಲೆಯಿಂದಲೇ ಹೊರಹಾಕುತ್ತದೆ. ಇನ್ನೊಂದರಲ್ಲಿ ಬೀಜ ಮರದಲ್ಲಿರುವಾಗಲೇ ಮೊಳೆತು ನುಗ್ಗೆಕಾಯಿಯಂತೆ ತೂಗುತ್ತದೆ, ಹಣ್ಣಾದಾಗ ಉದುರಿ ಕೆಸರಿಗೆ ನೆಟ್ಟಗೆ ಚುಚ್ಚಿಕೊಳ್ಳಬಹುದು, ಇಲ್ಲವೇ ತೇಲಿಹೋಗಿ ಬೇರೆಲ್ಲೋ ಬೇರುಬಿಡಬಹುದು. ಮಗಳು ಬಿದ್ದದ್ದೊಂದನ್ನು ಹೆಕ್ಕಿ ಕೆಸರಿಗೆ ನೆಟ್ಟು, ಪಕ್ಕದ ಗೂಟಕ್ಕೆ ತನ್ನ ಕೂದಲಿನ ರಬ್ಬರ್ ಬ್ಯಾಂಡು ಕಟ್ಟಿ ಗುರುತು ಮಾಡಿದಳು. ಗೈಡ್ ಬ್ಯಾಂಡು ಬಿಚ್ಚಿ ವಾಪಸ್ ಕೊಟ್ಟ. "ಗುರುತು ಬೇಡ. ಮುಂದಿನ ವರ್ಷ ಬಾ, ನಾನೇ ತೋರಿಸ್ತೆ."

ದಡದ ಗಜನಿ ಗದ್ದೆಯಲ್ಲಿ ಕಗ್ಗದ ಕೊಯ್ಲು ಮುಗಿದಿತ್ತು. ಉಪ್ಪುನೀರು ನುಗ್ಗಿದರೂ, ವಾರಗಟ್ಟಲೆ ಮುಳುಗಿದರೂ ತಡೆದುಕೊಳ್ಳುವ ಭತ್ತ. ಗೊಬ್ಬರ, ಔಷಧಿ ಕೇಳುವುದಿಲ್ಲ, ದುಡ್ಡೂ ಹೆಚ್ಚು ಕೊಡುವುದಿಲ್ಲ, ಹಾಗಾಗಿ ಬೆಳೆಯುವವರು ಕಡಿಮೆಯಾಗುತ್ತಿದ್ದಾರೆ. ಊಟಕ್ಕೆ ಒಂದು ಮನೆಯಲ್ಲಿ ಹೇಳಿಟ್ಟಿದ್ದರು. ಕಗ್ಗದ ಕುಚ್ಚಲಕ್ಕಿ ಅನ್ನ, ಉಳಿದವರಿಗೆ ಬೆಳಚಿನ ಸುಕ್ಕೆ, ನನಗೆ ಮಾವಿನಕಾಯಿಯ ಅಪ್ಪೆಹುಳಿ. ಮಗಳು ಒಂದು ಗಳಿಗೆ ನನ್ನ ಮುಖ ನೋಡಿ, ಆಮೇಲೆ ಸುಕ್ಕೆಯ ಪಾತ್ರೆ ಎಳೆದುಕೊಂಡಳು. ಈ ಸಾಲನ್ನು ಆಯಿ ಓದದಿರಲಿ.

ಮೂರನೇ ದಿನ: ಕಾರವಾರ

ರಾತ್ರಿ ಕುಮಟಾದ ಲಾಡ್ಜಿನಲ್ಲಿ ಸೊಳ್ಳೆ. ಬೆಳಿಗ್ಗೆ ಅಂಕೋಲೆಯಲ್ಲಿ ಬನ್ಸ್ ತಿಂದು ಕಾರವಾರ.

ಕಾಳಿ ಕಡಲು ಸೇರುವಲ್ಲಿ ದೋಣಿ ಹತ್ತಿದೆವು. ಈಚೆ ಕೋಡಿಬಾಗ, ಆಚೆ ಸದಾಶಿವಗಡ, ದೇವಬಾಗ. 2024ರ ಆಗಸ್ಟಿನ ಒಂದು ರಾತ್ರಿ ಇಲ್ಲಿನ ಹಳೇ ಸೇತುವೆ ಕುಸಿದು ಲಾರಿಯೊಂದು ಹೊಳೆಗೆ ಬಿದ್ದದ್ದು ಎಲ್ಲರಿಗೂ ಗೊತ್ತು. ಅವತ್ತು ಚಾಲಕನ ಜೀವ ಉಳಿಸಲು ನೀರಿಗಿಳಿದವರಲ್ಲಿ ಇಲ್ಲಿಯ ಮೀನುಗಾರರಿದ್ದರು. ನಮ್ಮ ದೋಣಿಯವರು ಸೇತುವೆ ಕಡೆ ಕೈತೋರಿಸಿ ಆ ಕಥೆಯನ್ನು ಅರ್ಧ ಕೊಂಕಣಿ, ಅರ್ಧ ಕನ್ನಡದಲ್ಲಿ ಹೇಳಿದರು. 1883ರ ಸುಮಾರಿಗೆ ಕವಿ ಟಾಗೋರರು, ತಮ್ಮ ಅಣ್ಣ ಇಲ್ಲಿ ಜಿಲ್ಲಾ ನ್ಯಾಯಾಧೀಶರಾಗಿದ್ದಾಗ, ಬಂದು ಉಳಿದದ್ದು, ಒಂದು ಬೆಳದಿಂಗಳ ರಾತ್ರಿ ಇದೇ ಹೊಳೆಯಲ್ಲಿ ದೋಣಿ ಏರಿ ಹೋದದ್ದು ನನಗೆ ಗೊತ್ತಿತ್ತು. ದೋಣಿಯವರ ಕಥೆಯ ಮುಂದೆ ಅದನ್ನು ಹೇಳಲು ಮನಸ್ಸಾಗಲಿಲ್ಲ.

ಡಾಲ್ಫಿನ್ ಇದ್ದದ್ದು ಕುರುಮಗಡ ದ್ವೀಪದ ದಿಕ್ಕಿನಲ್ಲಿ. ಗೂನುಬೆನ್ನಿನ ಡಾಲ್ಫಿನ್, ಅಳಿವೆಯ ಬಾಯಿಗೇ ಬರುವಂಥದ್ದು. ಟಿವಿಯಲ್ಲಿ ಲಾಗ ಹಾಕುವ ಜಾತಿ ಇದಲ್ಲ. ಎಂಜಿನ್ ಬಂದ್ ಮಾಡಿ ಅಲೆಯಲ್ಲಿ ತೂಗುತ್ತ ಕೂತೆವು. ಇಲ್ಲೂ ಮೊದಲು ಬಂದದ್ದು ಸದ್ದೇ. ಫುಸ್ಸ್! ಯಾರೋ ಬೇಸರದಿಂದ ಉಸಿರುಬಿಟ್ಟ ಹಾಗೆ. ಎಡಕ್ಕೆ ತಿರುಗುವಷ್ಟರಲ್ಲಿ ಬೂದು ಬೆನ್ನೊಂದು ಗಾಲಿಯಂತೆ ಉರುಳಿ ಮುಳುಗಿತು. ಹಿಂದೆಯೇ ಇನ್ನೊಂದು, ಪಕ್ಕದಲ್ಲಿ ಚಿಕ್ಕದು.

"ಶೆವ್ಟೆ ಮೀನಿನ ಹಿಂದೆ ಬತ್ತಾವೆ," ಅಂದರು ದೋಣಿಯವರು.

ಅಷ್ಟರಲ್ಲಿ ದೊಡ್ಡ ದೋಣಿಯೊಂದು ಮೈಕಿನಲ್ಲಿ ಹಾಡು ಹಾಕಿಕೊಂಡು, ನಲವತ್ತು ಜನರನ್ನು ತುಂಬಿಕೊಂಡು ಬಂತು. ಬೆನ್ನು ಕಂಡ ಕಡೆಗೆಲ್ಲ ಅದು ಓಡಿತು, ಜನ ಕೇಕೆ ಹಾಕಿದರು, ಡಾಲ್ಫಿನ್ ಆಮೇಲೆ ಏಳಲಿಲ್ಲ. ಗೈಡ್ ಕೂಗಿ ಹೇಳಿದ, ಯಾರು ಕೇಳುತ್ತಾರೆ? ಹತ್ತು ನಿಮಿಷದಲ್ಲಿ ಅವರು "ಏನೂ ಇಲ್ಲ ಇಲ್ಲಿ" ಎಂದು ಹೋದರು. ನಾವು ಇನ್ನೂ ಮುಕ್ಕಾಲು ಗಂಟೆ ಕಾದೆವು. ದೂರದಲ್ಲಿ ಒಮ್ಮೆ ಉಸಿರು ಕೇಳಿತು, ಬೆನ್ನು ಕಾಣಲಿಲ್ಲ. ಬೆಂಗಳೂರಿನ ಹುಡುಗಿಗೆ ವಾಂತಿ ಶುರುವಾಗಿ ತಿರುಗಿದೆವು.

ಹೊಳೆಯೊಳಗಿನ ಮರಳದಿನ್ನೆಯಲ್ಲಿ ನೀರುನಾಯಿ ಕಾಣಬಹುದು ಅಂದಿದ್ದ. ಕಾಣಲಿಲ್ಲ. ಸಿಕ್ಕಿದ್ದು ಅದರ ಹೆಜ್ಜೆ, ಒಂದು ಹಿಡಿ ಹಿಕ್ಕೆ. ಗೈಡ್ ಕಡ್ಡಿಯಲ್ಲಿ ಹಿಕ್ಕೆ ಬಿಡಿಸಿ ಕೂತ. ಮೀನಿನ ಹುರುಪೆ ಅಭ್ರಕದಂತೆ ಹೊಳೆಯುತ್ತಿತ್ತು, ನಡುವೆ ಏಡಿಯ ಕೆಂಪು ಚೂರು. ನಿವೃತ್ತ ಶಿಕ್ಷಕಿಯರಿಬ್ಬರೂ ಮಂಡಿಯೂರಿ, ಕನ್ನಡಕ ಸರಿಮಾಡಿಕೊಂಡು, ಪೇಪರು ತಿದ್ದುವಷ್ಟು ಶ್ರದ್ಧೆಯಿಂದ ನೋಡಿದರು. ಯಜಮಾನರು ಮೂಗು ಮುಚ್ಚಿಕೊಂಡೇ ಫೋಟೋ ತೆಗೆದರು. ಮೂರು ದಿನದಲ್ಲಿ ಅವರಿಗೆ ಸ್ಪಷ್ಟವಾಗಿ ಬಂದ ಫೋಟೋ ಅದೊಂದೇ.

ಸಂಜೆ ಕಾರವಾರದ ಬಸ್‌ಸ್ಟ್ಯಾಂಡಿನಲ್ಲಿ ಹುಬ್ಬಳ್ಳಿ ಬಸ್ಸಿಗೆ ಕಾಯುತ್ತಿದ್ದಾಗ ಆಯಿಯ ಫೋನು.

"ಮಂಗ ಕಂಡ್ತಾ?"

"ಕಂಡ್ತು ಆಯೀ. ಹದಿಮೂರು ಇತ್ತು."

"ಇಲ್ಲೂ ಬಂದಿತ್ತು ಇವತ್ತು. ಹಿತ್ತಲಲ್ಲಿ ಬಾಳೆಗೊನೆ ಪೂರಾ ತಿಂದಿಕ್ಕೆ ಹೋತು."

"ಯಾವ ಮಂಗ? ಕಪ್ಪಿಂದಾ?" ಎದ್ದೇ ನಿಂತೆ.

"ಕೆಂಪು ಮುಸುಡಿಂದು. ಅದನ್ನ ನೋಡ್ಲೆ ದುಡ್ಡು ಬ್ಯಾಡ."